ವಿಚಾರಣೆಗೆ ಮೊದಲೇ ಆರೋಪಿಯನ್ನು ಕೈಬಿಡುವುದೆಂದರೆ: ಜಾತಿನಿಂದನೆ ಪ್ರಕರಣಗಳಲ್ಲಿ ‘ಡಿಸ್ಚಾರ್ಜ್’ ಅರ್ಜಿಯ ಕುರಿತು

ಕಳೆದ ತಿಂಗಳ ಒಂದು ಭಾನುವಾರ ಸಂಘದ ವಾಚನಾಲಯದಲ್ಲಿ ನಾವು ಪತ್ರಿಕೆಗಳನ್ನು ತಿರುವುತ್ತ ಕುಳಿತಿದ್ದಾಗ, ವಿಜಯಪುರ ಜಿಲ್ಲೆಯ ಒಂದು ತಾಂಡಾದಿಂದ ಮುಂಬಯಿಯ ಮಗನ ಮನೆಗೆ ಬಂದಿದ್ದ ಹಿರಿಯರೊಬ್ಬರು ನಮ್ಮನ್ನು ಹುಡುಕಿಕೊಂಡು ಬಂದರು. ಅವರ ಮಗ ಇಲ್ಲಿನ ಬ್ಯಾಂಕೊಂದರಲ್ಲಿ ಗುಮಾಸ್ತ. ನಮ್ಮದೇ ವೃತ್ತಿಯವನಾದುದರಿಂದ ಪರಿಚಯ. ಎರಡು ವರ್ಷಗಳ ಹಿಂದೆ ಆತ ಬಾಡಿಗೆಗಿರುವ ಕಟ್ಟಡದ ಕೆಳಗೆ ಸ್ಕೂಟರ್ ನಿಲ್ಲಿಸುವ ಜಾಗದ ಸಂಬಂಧವಾಗಿ ಎದ್ದ ಮಾತು, ಜಾತಿಯ ಹೆಸರೆತ್ತಿ ಬಯ್ಯುವ ಮಟ್ಟಕ್ಕೆ ಹೋಯಿತೆಂಬುದು ದೂರು. ಪೊಲೀಸರು ತನಿಖೆ ಮುಗಿಸಿ ದೋಷಾರೋಪ ಪಟ್ಟಿ ಸಲ್ಲಿಸಿದ್ದಾರೆ. ಇನ್ನೇನು ವಿಚಾರಣೆ ಆರಂಭವಾಗಬೇಕೆನ್ನುವಾಗ ಎದುರು ಪಕ್ಷದವರು ‘ಡಿಸ್ಚಾರ್ಜ್’ ಅರ್ಜಿ ಹಾಕಿದ್ದಾರೆ.

“ಸಾಹೇಬ್ರ, ಜಜ್ಜರು ಅವರನ್ನ ಈಗೇ ಬಿಟ್ಟಬಿಟ್ರ, ನನ್ನ ಮಗ ಸುಳ್ಳ ಹೇಳ್ಯಾನ ಅಂತ ಆಗತೈತೇನ್ರಿ?” ಎಂದು ಆ ಹಿರಿಯರು ಕೇಳಿದರು.

ಎದುರು ಪಕ್ಷದವರೂ ನಮಗೆ ಅಪರಿಚಿತರಲ್ಲ. ಅದೇ ಕಟ್ಟಡದಲ್ಲಿ ಸ್ವಂತ ಮನೆ ಮಾಡಿಕೊಂಡಿರುವ, ಎರಡು ದಶಕಗಳಿಂದ ನಮ್ಮ ಸಂಘದ ಸದಸ್ಯರಾಗಿರುವ ಕನ್ನಡ ಕುಟುಂಬ. ಆ ಮನೆಯ ಮಗ ಒಂದು ವಾರ ಮೊದಲೇ ನಮ್ಮನ್ನು ಕಂಡು, “ಸರ್, ಮಹಾರಾಷ್ಟ್ರದ ಪಟ್ಟಿಯಲ್ಲಿ ಅವರ ಜಾತಿಯೇ ಇಲ್ಲವಂತೆ. ಕೇಸು ನಿಲ್ಲುವುದಿಲ್ಲ ಅಂತ ವಕೀಲರು ಹೇಳುತ್ತಾರೆ. ಅಪ್ಪನಿಗೆ ಎಪ್ಪತ್ತು ದಾಟಿದೆ, ಕೋರ್ಟಿನ ಮೆಟ್ಟಿಲು ಹತ್ತಿಳಿಯುವ ವಯಸ್ಸೇ ಇದು? ನೀವೊಂದು ಮಾತು ಆ ಹುಡುಗನಿಗೆ ಹೇಳಿ” ಎಂದಿದ್ದರು. ನಾವು ಹೇಳಿಯೂ ಇದ್ದೆವು. ಒಂದು ಮಾತಿಗಾಗಿ ಇಷ್ಟು ವರ್ಷ ಅಲೆಯುವುದೇಕೆ, ಬಿಟ್ಟುಬಿಡಪ್ಪಾ ಎಂದೆವು. ಹುಡುಗ ಏನನ್ನೂ ಹೇಳಲಿಲ್ಲ. ಅಂದಿನಿಂದ ಸಂಘದ ಕಡೆ ಸುಳಿದಿಲ್ಲ. ಅವನ ತಂದೆಯ ಪ್ರಶ್ನೆಗೆ ನಮ್ಮಲ್ಲಿ ಉತ್ತರವಿಲ್ಲದಾಗ, ಏನನ್ನೂ ತಿಳಿಯದೆ ಬುದ್ಧಿ ಹೇಳಹೊರಟಿದ್ದೆವೆಂಬುದು ಅರಿವಾಯಿತು. ಬಳಿಕ ಸಂಘದ ವಕೀಲ ಮಿತ್ರರ ನೆರವಿನಿಂದ ಕಾಯಿದೆಯನ್ನೂ ಕೆಲವು ತೀರ್ಪುಗಳನ್ನೂ ಓದಿಕೊಂಡು ಈ ಬರಹವನ್ನು ಸಿದ್ಧಪಡಿಸಿದ್ದೇವೆ. ನಾವು ಕಲಾ ಪದವೀಧರರು, ಕಾನೂನು ಓದಿದವರಲ್ಲ. ಮೇಲೆ ಹೇಳಿದ ಪ್ರಕರಣ ನ್ಯಾಯಾಲಯದ ಮುಂದಿರುವುದರಿಂದ ಅದರಲ್ಲಿ ಯಾರು ಸರಿ, ಯಾರು ತಪ್ಪು ಎಂಬ ಗೋಜಿಗೆ ಇಲ್ಲಿ ಹೋಗುವುದಿಲ್ಲ.

ಮೊದಲು ಪದದ ಗೊಂದಲವನ್ನು ಬಿಡಿಸಿಕೊಳ್ಳೋಣ. ನಮ್ಮ ಪತ್ರಿಕೆಗಳು ‘ಬಿಡುಗಡೆ’ ಎಂಬ ಒಂದೇ ಪದವನ್ನು ನಾಲ್ಕು ಸಂದರ್ಭಗಳಲ್ಲಿ ಬಳಸುತ್ತವೆ. ಜಾಮೀನು ಸಿಕ್ಕಿ ಸೆರೆಮನೆಯಿಂದ ಹೊರಬಂದರೂ ಬಿಡುಗಡೆ. ಸಾಕ್ಷಿ ವಿಚಾರಣೆಯೆಲ್ಲ ಮುಗಿದು ನಿರ್ದೋಷಿಯೆಂದು ತೀರ್ಪಾದರೂ ಬಿಡುಗಡೆ. ಹೈಕೋರ್ಟು ಪ್ರಕರಣವನ್ನೇ ರದ್ದುಪಡಿಸಿದರೂ ಬಿಡುಗಡೆ. ಡಿಸ್ಚಾರ್ಜ್ ಇವು ಮೂರೂ ಅಲ್ಲ. ಪೊಲೀಸರ ದೋಷಾರೋಪ ಪಟ್ಟಿ ನ್ಯಾಯಾಲಯಕ್ಕೆ ಬಂದ ನಂತರ, ಆದರೆ ನ್ಯಾಯಾಧೀಶರು ವಿಧ್ಯುಕ್ತವಾಗಿ ಆರೋಪ ಹೊರಿಸುವ ಮುನ್ನ, ಒಂದು ಹೊಸ್ತಿಲಿದೆ. ಆ ಹೊಸ್ತಿಲಲ್ಲಿ ನಿಂತು ಆರೋಪಿಯು, “ಪೊಲೀಸರು ತಂದಿರುವ ಈ ಕಾಗದಗಳನ್ನೆಲ್ಲ ನಿಜವೆಂದೇ ಇಟ್ಟುಕೊಂಡರೂ ನನ್ನ ಮೇಲೆ ವಿಚಾರಣೆ ನಡೆಸಲು ಸಾಕಷ್ಟು ಆಧಾರವಿಲ್ಲ, ನನ್ನನ್ನು ಇಲ್ಲಿಂದಲೇ ಕಳುಹಿಸಿಕೊಡಿ” ಎಂದು ಕೇಳಿಕೊಳ್ಳುವುದೇ ಡಿಸ್ಚಾರ್ಜ್ ಅರ್ಜಿ. 1973ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಸೆಷನ್ಸ್ ಪ್ರಕರಣಗಳಿಗೆ ಇದು 227ನೆಯ ಕಲಮು. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಇದು 250ನೆಯ ಕಲಮಾಗಿದೆ. ಹಳೆಯ ಕಾಯಿದೆಯಲ್ಲಿ ಅರ್ಜಿಗೆ ಗಡುವಿರಲಿಲ್ಲ. ಹೊಸತರಲ್ಲಿ ಪ್ರಕರಣವನ್ನು ಸೆಷನ್ಸ್ ನ್ಯಾಯಾಲಯಕ್ಕೆ ಒಪ್ಪಿಸಿದ ದಿನದಿಂದ 60 ದಿನಗಳೊಳಗೆ ಸಲ್ಲಿಸಬೇಕೆಂದಿದೆ. ದೌರ್ಜನ್ಯ ಪ್ರಕರಣಗಳ ವಿಶೇಷ ನ್ಯಾಯಾಲಯವಾದರೋ 2016ರಿಂದೀಚೆಗೆ ಪ್ರಕರಣವನ್ನು ನೇರವಾಗಿಯೇ ಕೈಗೆತ್ತಿಕೊಳ್ಳಬಹುದಾದ್ದರಿಂದ ಈ ದಿನಗಳ ಲೆಕ್ಕ ಅಷ್ಟು ಸರಳವಲ್ಲ. ದೋಷಾರೋಪ ಪಟ್ಟಿಯ ಪ್ರತಿ ಕೈಸೇರಿದೊಡನೆ ವಕೀಲರನ್ನು ಕಾಣುವುದೇ ಮೇಲು.

ಈ ಹೊಸ್ತಿಲಲ್ಲಿ ನ್ಯಾಯಾಧೀಶರು ನೋಡುವುದೇನು? ನಮ್ಮ ವೃತ್ತಿಯ ಒಂದು ಹೋಲಿಕೆ ಕೊಡುವುದಾದರೆ, ಚೆಕ್ಕನ್ನು ಪಾಸು ಮಾಡುವ ನೌಕರ ತಾರೀಖು, ಸಹಿ, ಅಕ್ಷರದಲ್ಲೂ ಅಂಕಿಯಲ್ಲೂ ಬರೆದ ಮೊತ್ತ ಇವನ್ನು ನೋಡುತ್ತಾನೆ. ಆ ಹಣ ನಿಜವಾಗಿ ಕೊಡಬೇಕಾದ ಸಾಲವೇ ಅಲ್ಲವೇ ಎಂದು ವಿಚಾರಿಸುವುದಿಲ್ಲ. ಡಿಸ್ಚಾರ್ಜ್ ಹಂತದಲ್ಲಿಯೂ ಸಾಕ್ಷಿ ನಿಜ ಹೇಳುತ್ತಿದ್ದಾನೋ ಸುಳ್ಳು ಹೇಳುತ್ತಿದ್ದಾನೋ ಎಂದು ತೂಗುವಂತಿಲ್ಲ. ಅದು ಪಾಟೀಸವಾಲು ನಡೆದ ಮೇಲಿನ ಮಾತು. 1977ರಲ್ಲಿ ರಮೇಶ್ ಸಿಂಗ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಆರೋಪ ಹೊರಿಸಲು ಬಲವಾದ ಸಂಶಯವಿದ್ದರೆ ಸಾಕು, ಶಿಕ್ಷೆಗೆ ಬೇಕಾದಷ್ಟು ಪುರಾವೆಯನ್ನು ಅಲ್ಲಿಯೇ ಕೇಳಬಾರದೆಂದು ಹೇಳಿತು. ಹಾಗೆಂದು ಹೋಲಿಕೆಯನ್ನು ಹೆಚ್ಚು ದೂರ ಎಳೆಯುವಂತಿಲ್ಲ. 1978ರ ಪ್ರಫುಲ್ಲ ಕುಮಾರ್ ಸಾಮಲ್ ಪ್ರಕರಣದಲ್ಲಿ ಅದೇ ನ್ಯಾಯಾಲಯವು, ನ್ಯಾಯಾಧೀಶರು ಪೊಲೀಸರು ಕೊಟ್ಟದ್ದನ್ನು ಮುಂದಕ್ಕೆ ಸಾಗಿಸುವ ಅಂಚೆ ಕಚೇರಿಯಂತೆ ವರ್ತಿಸಕೂಡದು, ಸೀಮಿತ ಉದ್ದೇಶಕ್ಕೆ ಕಾಗದಗಳನ್ನು ಜರಡಿ ಹಿಡಿದು ನೋಡಬಹುದು, ಎರಡು ಅಭಿಪ್ರಾಯಗಳು ಸಮಸಮನಾಗಿ ಸಾಧ್ಯವಿದ್ದು ಹುಟ್ಟುವುದು ಬರಿಯ ಸಂಶಯವೇ ಹೊರತು ಗಂಭೀರ ಸಂಶಯವಲ್ಲವೆಂದಾದರೆ ಆರೋಪಿಯನ್ನು ಕೈಬಿಡಬಹುದು ಎಂದಿತು. ಬರಿಯ ಸಂಶಯ ಎಲ್ಲಿ ಮುಗಿದು ಗಂಭೀರ ಸಂಶಯ ಎಲ್ಲಿ ಆರಂಭವಾಗುತ್ತದೆಂಬುದರ ಮೇಲೆಯೇ ವಕೀಲರ ವಾದವೆಲ್ಲ ನಡೆಯುತ್ತದೆ.

ಇನ್ನೊಂದು ವಿಷಯವನ್ನು ಆರೋಪಿಗಳ ಮನೆಯವರು ತಪ್ಪಾಗಿ ತಿಳಿದಿರುವುದುಂಟು. ತಮ್ಮ ಕಡೆಯ ಪತ್ರಗಳು, ಫೋಟೋಗಳು, ತಮ್ಮ ಪರ ಮಾತನಾಡುವ ನೆರೆಯವರು, ಇವನ್ನೆಲ್ಲ ಈ ಹಂತದಲ್ಲಿಯೇ ಮುಂದಿಟ್ಟು ಗೆದ್ದುಬಿಡಬಹುದೆಂದು ಅವರು ಭಾವಿಸುತ್ತಾರೆ. ದೇವೇಂದ್ರನಾಥ ಪಾಢಿ ಪ್ರಕರಣದಲ್ಲಿ 2004ರ ನವೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ಪೀಠವು ಇದಕ್ಕೆ ಅವಕಾಶವಿಲ್ಲವೆಂದಿತು. ಸಾಮಾನ್ಯವಾಗಿ ನ್ಯಾಯಾಧೀಶರ ಮೇಜಿನ ಮೇಲಿರುವುದು ಪೊಲೀಸರ ದಾಖಲೆಗಳು ಮಾತ್ರ. ಆರೋಪಿಯು ಅವುಗಳೊಳಗಿನ ಬಿರುಕನ್ನೇ ತೋರಿಸಬೇಕು. 

ಇಷ್ಟು ಎಲ್ಲ ಕ್ರಿಮಿನಲ್ ಪ್ರಕರಣಗಳಿಗೂ ಸಮಾನ. ಪರಿಶಿಷ್ಟ ಜಾತಿ ಮತ್ತು ಪರಿಶಿಷ್ಟ ಪಂಗಡಗಳ (ದೌರ್ಜನ್ಯ ತಡೆ) ಅಧಿನಿಯಮ, 1989ರ ಅಡಿಯ ಪ್ರಕರಣಗಳಲ್ಲಿ ಬಿರುಕು ಹುಡುಕುವ ಜಾಗಗಳು ಬಹಳಮಟ್ಟಿಗೆ ಗೊತ್ತಾದವೇ. ಆ ಕಾಯಿದೆಯ 3(1)(ಆರ್) ಕಲಮು ಪರಿಶಿಷ್ಟ ಜಾತಿ ಅಥವಾ ಪಂಗಡದ ವ್ಯಕ್ತಿಯನ್ನು ಸಾರ್ವಜನಿಕರ ಕಣ್ಣಿಗೆ ಬೀಳುವ ಯಾವುದೇ ಸ್ಥಳದಲ್ಲಿ ಅಪಮಾನಿಸುವ ಉದ್ದೇಶದಿಂದ ಅವಮಾನಿಸುವುದನ್ನು ಅಥವಾ ಬೆದರಿಸುವುದನ್ನು, 3(1)(ಎಸ್) ಕಲಮು ಅಂಥ ಸ್ಥಳದಲ್ಲಿ ಜಾತಿಯ ಹೆಸರು ಹಿಡಿದು ನಿಂದಿಸುವುದನ್ನು ಅಪರಾಧವೆನ್ನುತ್ತವೆ. ಶಿಕ್ಷೆ 6 ತಿಂಗಳಿಂದ 5 ವರ್ಷದವರೆಗೆ ಸೆರೆವಾಸ ಮತ್ತು ದಂಡ. ನೊಂದವರು ಪರಿಶಿಷ್ಟರಾಗಿರಬೇಕು, ಆರೋಪಿ ಪರಿಶಿಷ್ಟರಲ್ಲದವರಾಗಿರಬೇಕು, ಮಾತು ಜನರ ಕಣ್ಣೆದುರಿನ ಜಾಗದಲ್ಲಿ ಆಡಿರಬೇಕು, ಅದರ ಹಿಂದೆ ಜಾತಿಯ ಹೀಯಾಳಿಕೆ ಇರಬೇಕು. ಇವುಗಳಲ್ಲಿ ಒಂದು ಕಾಗದದ ಮೇಲೆಯೇ ಇಲ್ಲವೆಂದಾದರೆ ಈ ಕಲಮು ನಿಲ್ಲದು.

ಆರೋಪಿಯ ಜಾತಿಯ ಪ್ರಶ್ನೆ ಬೇಗ ತೀರುವಂಥದು. ಗಂಗಾವತಿ ತಾಲ್ಲೂಕಿನ ಮರಕುಂಬಿಯಲ್ಲಿ 2014ರ ಆಗಸ್ಟಿನಲ್ಲಿ ದಲಿತರ ಕೇರಿಯ ಮೇಲೆ ನಡೆದ ದಾಳಿಯ ಪ್ರಕರಣದಲ್ಲಿ ಕೊಪ್ಪಳದ ನ್ಯಾಯಾಲಯವು 2024ರ ಅಕ್ಟೋಬರಿನಲ್ಲಿ 101 ಜನರನ್ನು ದೋಷಿಗಳೆಂದು ಸಾರಿದುದು ಓದುಗರಿಗೆ ನೆನಪಿರಬಹುದು. 98 ಮಂದಿಗೆ ಜೀವಾವಧಿ. ಉಳಿದ ಮೂವರಿಗೆ 5 ವರ್ಷ. ಕಾರಣ, ಆ ಮೂವರು ಸ್ವತಃ ಪರಿಶಿಷ್ಟರಾಗಿದ್ದುದರಿಂದ ಈ ಕಾಯಿದೆ ಅವರಿಗೆ ಅನ್ವಯಿಸಲಿಲ್ಲ. ಬಳಿಕ ಹೈಕೋರ್ಟಿನಲ್ಲಿ ಹಲವರಿಗೆ ಜಾಮೀನು ದೊರೆತಿದೆ.

ನೊಂದವರ ಜಾತಿಯ ಪ್ರಶ್ನೆಯಾದರೋ ನಮ್ಮಂಥ ಹೊರನಾಡ ಕನ್ನಡಿಗರಿಗೆ ನೇರವಾಗಿ ತಟ್ಟುವಂಥದು. ಸಂವಿಧಾನದ 341 ಮತ್ತು 342ನೆಯ ವಿಧಿಗಳಂತೆ ಪರಿಶಿಷ್ಟರ ಪಟ್ಟಿಯನ್ನು ರಾಜ್ಯವಾರು ಹೊರಡಿಸಲಾಗುತ್ತದೆ. ಲಂಬಾಣಿಗರು ಕರ್ನಾಟಕದಲ್ಲಿ ಪರಿಶಿಷ್ಟ ಜಾತಿ. ಗಡಿ ದಾಟಿ ತೆಲಂಗಾಣಕ್ಕೆ ಹೋದರೆ ಪರಿಶಿಷ್ಟ ಪಂಗಡ. ಮಹಾರಾಷ್ಟ್ರಕ್ಕೆ ಬಂದರೆ ಎರಡೂ ಅಲ್ಲ, ವಿಮುಕ್ತ ಜಾತಿ. ಕಟ್ಟಡ ಕೆಲಸಕ್ಕೆಂದು ಪುಣೆ, ಮುಂಬಯಿಗಳಿಗೆ ಬಂದ ವಡ್ಡರ ಸ್ಥಿತಿಯೂ ಇಂಥದೇ: ಅಲ್ಲಿ ಪರಿಶಿಷ್ಟ ಜಾತಿ, ಇಲ್ಲಿ ವಿಮುಕ್ತ ಜಾತಿ. ರೈಲಿನಲ್ಲಿ ಒಂದು ರಾತ್ರಿ ಕಳೆದು ಇಳಿಯುವಷ್ಟರಲ್ಲಿ ಮನುಷ್ಯನ ಜಾತಿ ಬದಲಾಗದಿದ್ದರೂ ಜಾತಿಯ ದಾಖಲೆ ಬದಲಾಗುತ್ತದೆ.

ಮೀಸಲಾತಿಯ ವಿಷಯದಲ್ಲಿ ಸರ್ವೋಚ್ಚ ನ್ಯಾಯಾಲಯ ಈ ಗೆರೆಯನ್ನು ಕಟ್ಟುನಿಟ್ಟಾಗಿ ಕಾಯ್ದುಕೊಂಡು ಬಂದಿದೆ. ಅದಕ್ಕೆ ಮೂಲವಾದ 1990ರ ಮರ್ರಿ ಚಂದ್ರಶೇಖರ ರಾವ್ ಪ್ರಕರಣ ನಮ್ಮ ಮುಂಬಯಿಯದೇ. ಆಂಧ್ರದಲ್ಲಿ ಪರಿಶಿಷ್ಟ ಪಂಗಡಕ್ಕೆ ಸೇರಿದ ಕುಟುಂಬ; ತಂದೆಗೆ ಮುಂಬಯಿಯ ಸರಕಾರಿ ಉದ್ಯಮದಲ್ಲಿ ಕೆಲಸ; ಬಾಲ್ಯದಲ್ಲೇ ಇಲ್ಲಿಗೆ ಬಂದ ಮಗ ಸೇಠ್ ಜಿ.ಎಸ್. ವೈದ್ಯಕೀಯ ಕಾಲೇಜಿನಲ್ಲಿ ಪಂಗಡದ ಸೀಟು ಕೇಳಿದಾಗ ನಿರಾಕರಣೆ. ಸಂವಿಧಾನ ಪೀಠವು ಆ ನಿರಾಕರಣೆಯನ್ನು ಎತ್ತಿಹಿಡಿಯಿತು. ಒಂದು ರಾಜ್ಯದಲ್ಲಿ ಪರಿಶಿಷ್ಟನಾದವನು ವಲಸೆ ಬಂದ ಮಾತ್ರಕ್ಕೆ ಮತ್ತೊಂದು ರಾಜ್ಯದಲ್ಲಿ ಪರಿಶಿಷ್ಟನಾಗುವುದಿಲ್ಲವೆಂಬುದು ತೀರ್ಪಿನ ಸಾರ. ದೌರ್ಜನ್ಯ ಪ್ರಕರಣಗಳ ಆರೋಪಿಗಳು ಇದನ್ನೇ ಹಿಡಿದುಕೊಂಡು, ದೂರುದಾರನು ಈ ರಾಜ್ಯದಲ್ಲಿ ಪರಿಶಿಷ್ಟನೇ ಅಲ್ಲವೆಂದಮೇಲೆ ನಮ್ಮ ಮೇಲೆ ಈ ಕಾಯಿದೆ ಹೇಗೆ ಹೂಡುತ್ತೀರಿ ಎಂದು ಕೇಳತೊಡಗಿದರು. ನಮ್ಮ ಪರಿಚಿತ ಕುಟುಂಬದ ವಕೀಲರು ನೆಚ್ಚಿಕೊಂಡಿರುವುದೂ ಇದೇ ವಾದವನ್ನು.

ಮೊದಲು ಕೇಳಿದಾಗ ನಮಗೂ ಈ ವಾದ ಸರಿಯೆಂದೇ ತೋರಿತ್ತು. ಆದರೆ 2023ರಲ್ಲಿ ಬಾಂಬೆ ಹೈಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೂರ್ಣ ಪೀಠವು ಈ ಪ್ರಶ್ನೆಯನ್ನೇ ಎತ್ತಿಕೊಂಡು ಬೇರೆಯ ಉತ್ತರ ಕೊಟ್ಟಿದೆ. ಒಂದು ರಾಜ್ಯದ ಪಟ್ಟಿಯಲ್ಲಿ ಪರಿಶಿಷ್ಟನಾದ ವ್ಯಕ್ತಿಗೆ ದೇಶದ ಯಾವ ಭಾಗದಲ್ಲಿ ದೌರ್ಜನ್ಯ ನಡೆದರೂ ಈ ಕಾಯಿದೆಯ ರಕ್ಷಣೆ ಉಂಟು, ಆ ರಾಜ್ಯದ ಪಟ್ಟಿಯಲ್ಲಿ ಅವನ ಜಾತಿ ಇರಲಿ ಇಲ್ಲದಿರಲಿ ಎಂಬುದು ಆ ಪೀಠದ ನಿಲುವು. ಸೀಟು, ನೌಕರಿಗಳ ಹಂಚಿಕೆ ಬೇರೆ, ಅವಮಾನದಿಂದ ರಕ್ಷಣೆ ಬೇರೆ. ಒಂದರಲ್ಲಿ ಆ ರಾಜ್ಯದ ಇತರ ಪರಿಶಿಷ್ಟರ ಪಾಲು ಕಡಿಮೆಯಾದೀತೆಂಬ ಅಳುಕಿದೆ. ಇನ್ನೊಂದರಲ್ಲಿ ಯಾರ ಪಾಲಿನದೂ ಕಡಿಮೆಯಾಗುವುದಿಲ್ಲವೆಂದು ನಮಗೆ ತೋರುತ್ತದೆ. ಮಹಾರಾಷ್ಟ್ರದ ವಿಶೇಷ ನ್ಯಾಯಾಲಯಗಳು ಈ ತೀರ್ಪಿಗೆ ಬದ್ಧ. ಚೆನ್ನೈ, ಹೈದರಾಬಾದುಗಳಲ್ಲಿ ಅದು ಬದ್ಧವಲ್ಲದಿದ್ದರೂ ವಾದದಲ್ಲಿ ಓದಿ ತೋರಿಸಲು ಅಡ್ಡಿಯಿಲ್ಲ. ಆದ್ದರಿಂದ ಊರಿನಿಂದ ಬಂದ ಬಾಂಧವರು ತಹಶೀಲ್ದಾರರು ಕೊಟ್ಟ ಜಾತಿ ಪ್ರಮಾಣಪತ್ರವನ್ನು ಇಲ್ಲಿ ಉಪಯೋಗಕ್ಕಿಲ್ಲವೆಂದು ಊರಿನ ಪೆಟ್ಟಿಗೆಯಲ್ಲಿಯೇ ಬಿಟ್ಟು ಬರಬಾರದು. ಪೊಲೀಸರು ಕೇಳುವ ಮೊದಲ ಕಾಗದಗಳಲ್ಲಿ ಅದೂ ಒಂದು.

ಮುಂದಿನದು ಸ್ಥಳದ ಪ್ರಶ್ನೆ. ಡಿಸ್ಚಾರ್ಜ್ ವಾದಗಳಲ್ಲಿ ಹೆಚ್ಚು ಚರ್ಚೆಗೆ ಬರುವುದು ಇದೇ. ದಿಲ್ಲಿಯ ಸ್ವರಣ್ ಸಿಂಗ್ ಪ್ರಕರಣದಲ್ಲಿ 2008ರ ಆಗಸ್ಟಿನಲ್ಲಿ ಬಂದ ತೀರ್ಪು ಇಂದಿಗೂ ಎರಡೂ ಪಕ್ಷಗಳ ವಕೀಲರ ಕೈಯಲ್ಲಿರುತ್ತದೆ. ಒಬ್ಬ ವಾಹನ ಚಾಲಕ ಮನೆಯ ಗೇಟಿನ ಬಳಿ ಕಾರಿನ ಪಕ್ಕ ನಿಂತಿದ್ದಾಗ ಆ ಮನೆಯವರು ಜಾತಿ ಹೆಸರಿನಿಂದ ಹೀಯಾಳಿಸಿದರೆಂಬುದು ದೂರು. ‘ಸಾರ್ವಜನಿಕ ಸ್ಥಳ’ ಬೇರೆ, ‘ಸಾರ್ವಜನಿಕರ ಕಣ್ಣಿಗೆ ಬೀಳುವ ಸ್ಥಳ’ ಬೇರೆ ಎಂದು ನ್ಯಾಯಾಲಯ ಬಿಡಿಸಿ ಹೇಳಿತು. ಖಾಸಗಿ ಮನೆಯ ಅಂಗಳವಾದರೂ ಹೊರಗಿನ ರಸ್ತೆಯಿಂದ ಕಾಣುವಂತಿದ್ದರೆ ಅದು ಎರಡನೆಯದಕ್ಕೆ ಸೇರುತ್ತದೆ. ಕಟ್ಟಡದ ಒಳಗಾದರೂ ಬಂಧುಮಿತ್ರರಲ್ಲದೆ ಹೊರಗಿನ ಜನ ಇದ್ದರೆ ಅಪರಾಧವಾಗಬಹುದು. ವಿಶೇಷವೆಂದರೆ, ಗೇಟಿನ ಬಳಿ ಬಯ್ದರೆನ್ನಲಾದ ಇಬ್ಬರ ಮೇಲಿನ ಪ್ರಕರಣ ಮುಂದುವರಿಯಿತು. ಅದೇ ಮನೆಯ ಮೂರನೆಯವರು ಆಡಿದರೆನ್ನಲಾದ ಮಾತು ಜನರ ಎದುರಿಗೆ ಆಡಿದುದೆಂದು ಎಫ್‌ಐಆರ್‌ನಲ್ಲಿ ಎಲ್ಲಿಯೂ ಇರದ ಕಾರಣ ಅವರ ಮೇಲಿನದು ರದ್ದಾಯಿತು. ಠಾಣೆಯಲ್ಲಿ ದೂರು ಬರೆಸುವಾಗ ಒಂದು ವಾಕ್ಯ ಬಿಟ್ಟುಹೋದರೆ ಏನಾಗಬಹುದೆಂಬುದಕ್ಕೆ ಇದಕ್ಕಿಂತ ಬೇರೆ ಉದಾಹರಣೆ ಬೇಡ.

ಆನಂತರದ ತೀರ್ಪುಗಳು ಆರೋಪಿಗಳ ಕಡೆಗೂ ವಾಲಿವೆ. ಉತ್ತರಾಖಂಡದ ಹಿತೇಶ್ ವರ್ಮಾ ಪ್ರಕರಣದಲ್ಲಿ 2020ರ ನವೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯವು, ಮಾತು ಮನೆಯ ನಾಲ್ಕು ಗೋಡೆಗಳೊಳಗೆ ನಡೆದದ್ದು, ಇಬ್ಬರ ನಡುವೆ ಜಮೀನಿನ ವ್ಯಾಜ್ಯವಿತ್ತು, ನೊಂದವರು ಪರಿಶಿಷ್ಟರೆಂಬ ಮಾತ್ರಕ್ಕೆ ಪ್ರತಿಯೊಂದು ಬೈಗುಳವೂ ಈ ಕಾಯಿದೆಯ ಅಪರಾಧವಾಗದು ಎಂದು ಹೇಳಿ ದೌರ್ಜನ್ಯದ ಕಲಮನ್ನು ಕಿತ್ತುಹಾಕಿತು. ಉಳಿದ ಆರೋಪಗಳ ವಿಚಾರಣೆಗೆ ಅಡ್ಡಿಪಡಿಸಲಿಲ್ಲ. ತಮಿಳುನಾಡಿನ ಕಂದಾಯ ಕಚೇರಿಯ ಒಳಗೆ ನಡೆದ ಮಾತಿನ ಪ್ರಕರಣವೊಂದನ್ನು 2025ರ ಜನವರಿ 31ರಂದು ಅದೇ ನ್ಯಾಯಾಲಯ ರದ್ದುಪಡಿಸಿತು. ಸಹೋದ್ಯೋಗಿಗಳು ಅಲ್ಲಿಗೆ ಬಂದದ್ದು ಮಾತು ಆಡಿಯಾದ ಮೇಲೆ. ನಮ್ಮ ಕರ್ನಾಟಕದ ಹೈಕೋರ್ಟೂ 2022ರಲ್ಲಿ ಕಟ್ಟಡವೊಂದರ ನೆಲಮಾಳಿಗೆಯಲ್ಲಿ ನಡೆದ ಬೈಗುಳದ ಪ್ರಕರಣವನ್ನು ಇಂಥದೇ ಕಾರಣಕ್ಕೆ ರದ್ದುಪಡಿಸಿದೆ. ಈ ಮೂರೂ ಹೈಕೋರ್ಟಿನ ವಿಶೇಷಾಧಿಕಾರದ ಮೂಲಕ ಬಂದ ಪ್ರಕರಣಗಳು. ಆದರೆ ಕೆಳಗಿನ ನ್ಯಾಯಾಲಯದ ಡಿಸ್ಚಾರ್ಜ್ ವಾದದಲ್ಲಿಯೂ ಇವನ್ನೇ ಓದುತ್ತಾರೆ.

ಹಾಗಾದರೆ ಮುಂಬಯಿಯ ಕಟ್ಟಡಗಳ ಕೆಳಗಿನ ವಾಹನ ನಿಲುಗಡೆ ಯಾವುದಕ್ಕೆ ಸೇರುತ್ತದೆ? ಗೇಟು ದಾಟಿದರೆ ರಸ್ತೆ. ಬೆಳಗಿನ ಹೊತ್ತು ಹಾಲಿನವ, ಪೇಪರಿನವ, ಕಾರು ತೊಳೆಯುವ ಹುಡುಗ ಓಡಾಡುತ್ತಾರೆ. ರಾತ್ರಿ ಹತ್ತರ ಮೇಲೆ ಕಾವಲುಗಾರನೊಬ್ಬನೇ. ಕಾವಲುಗಾರ ಹೊರಗಿನ ಜನವೋ, ಕಟ್ಟಡದವನೋ? ಒಂದೇ ಜಾಗ ಹೊತ್ತಿಗೊಂದು ರೀತಿ. ಯಾವ ಹೊತ್ತಿನಲ್ಲಿ, ಯಾರು ಯಾರು ಎಷ್ಟು ದೂರದಲ್ಲಿದ್ದರು ಎಂಬುದನ್ನು ಸಾಕ್ಷಿಗಳ ಬಾಯಿಂದಲೇ ಕೇಳಬೇಕಾಗುವಾಗ, ಅದು ವಿಚಾರಣೆಯ ವಿಷಯವೇ ಹೊರತು ಹೊಸ್ತಿಲಲ್ಲಿ ತೀರ್ಮಾನಿಸುವಂಥದಲ್ಲವೆಂಬುದು ಸರಕಾರಿ ವಕೀಲರ ಸಾಮಾನ್ಯ ಉತ್ತರ. ಇದರಲ್ಲಿ ಹುರುಳಿದೆಯೆಂದು ನಮಗೆ ಅನ್ನಿಸುತ್ತದೆ.

“ಅವನ ಜಾತಿ ಯಾವುದೆಂದು ನಮಗೇನು ಗೊತ್ತು” ಎಂಬುದು ನಗರಗಳಲ್ಲಿ ಕೇಳಿಬರುವ ಇನ್ನೊಂದು ಮಾತು. 2016ರ ಜನವರಿ 26ರಿಂದ ಜಾರಿಗೆ ಬಂದ ತಿದ್ದುಪಡಿ ಇದಕ್ಕೊಂದು ಉತ್ತರ ಕೊಟ್ಟಿದೆ. ಆರೋಪಿಗೆ ನೊಂದವರ ಅಥವಾ ಅವರ ಕುಟುಂಬದ ವೈಯಕ್ತಿಕ ಪರಿಚಯವಿದ್ದರೆ, ಜಾತಿ ತಿಳಿದಿತ್ತೆಂದೇ ನ್ಯಾಯಾಲಯ ಭಾವಿಸಬೇಕು. ತಿಳಿದಿರಲಿಲ್ಲವೆಂದು ತೋರಿಸುವ ಹೊಣೆ ಆರೋಪಿಯದು. ಒಂದೇ ಕಟ್ಟಡದಲ್ಲಿ ವರ್ಷಗಟ್ಟಲೆ ಇದ್ದು, ಯುಗಾದಿಗೆ ಬೇವುಬೆಲ್ಲ ಹಂಚಿಕೊಂಡವರು ಡಿಸ್ಚಾರ್ಜ್ ಹಂತದಲ್ಲಿ ಈ ಮಾತನ್ನು ನೆಚ್ಚಿಕೊಳ್ಳುವುದು ಕಷ್ಟ.

ಇನ್ನು, ನಾವು ಓದಿದುದರಲ್ಲಿ ನಮಗೆ ಅತ್ಯಂತ ಹೊಸದಾಗಿ ತೋರಿದ ಸಂಗತಿಗೆ ಬರೋಣ. ಸಾಮಾನ್ಯ ಕ್ರಿಮಿನಲ್ ಪ್ರಕರಣದಲ್ಲಿ ಡಿಸ್ಚಾರ್ಜ್ ವಾದ ನಡೆಯುವುದು ಆರೋಪಿಯ ವಕೀಲರಿಗೂ ಸರಕಾರಿ ವಕೀಲರಿಗೂ ನಡುವೆ. ದೂರು ಕೊಟ್ಟವನಿಗೆ ಆ ದಿನ ಅಂಥದೊಂದು ವಾದ ನಡೆಯಿತೆಂಬುದೂ ತಿಳಿಯದಿರಬಹುದು. ದೌರ್ಜನ್ಯ ತಡೆ ಕಾಯಿದೆಗೆ ಅದೇ ತಿದ್ದುಪಡಿಯಲ್ಲಿ ಸೇರಿಸಿದ 15ಎ ಕಲಮು ಇದನ್ನು ಬದಲಿಸಿದೆ. ಅದರ 3ನೆಯ ಉಪಕಲಮಿನಂತೆ ಪ್ರತಿಯೊಂದು ನ್ಯಾಯಾಲಯ ಕಲಾಪದ ಬಗ್ಗೆ ನೊಂದವರಿಗೆ ಸಕಾಲದಲ್ಲಿ ಸರಿಯಾದ ತಿಳಿವಳಿಕೆ ಕೊಡಬೇಕು. 5ನೆಯ ಉಪಕಲಮು ಇನ್ನೂ ಸ್ಪಷ್ಟ: ಜಾಮೀನು, ಡಿಸ್ಚಾರ್ಜ್, ಬಿಡುಗಡೆ, ಪೆರೋಲ್, ದೋಷನಿರ್ಣಯ, ಶಿಕ್ಷೆ ಇವುಗಳ ಕಲಾಪದಲ್ಲಿ ನೊಂದವರು ಅಥವಾ ಅವರ ಅವಲಂಬಿತರು ತಮ್ಮ ಮಾತನ್ನು ಹೇಳಿಕೊಳ್ಳಲು ಹಕ್ಕುಳ್ಳವರು. ‘ಡಿಸ್ಚಾರ್ಜ್’ ಎಂಬ ಪದವೇ ಅಲ್ಲಿದೆ. ಇದು ಬರಿಯ ಸೌಜನ್ಯದ ಮಾತಲ್ಲ, ಕಡ್ಡಾಯವೆಂದು 2021ರ ಅಕ್ಟೋಬರಿನಲ್ಲಿ ಹರಿರಾಮ್ ಭಾಂಭಿ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿತು. ರಾಜಸ್ಥಾನದ ಕೊಲೆ ಪ್ರಕರಣವೊಂದರಲ್ಲಿ ನೊಂದ ಕುಟುಂಬಕ್ಕೆ ತಿಳಿಸದೆಯೇ ಕೊಟ್ಟ ಜಾಮೀನು ಅದರಿಂದಾಗಿ ರದ್ದಾಯಿತು. ಆ ಪೀಠದಲ್ಲಿದ್ದ ಇಬ್ಬರಲ್ಲಿ ಒಬ್ಬರು ಕರ್ನಾಟಕದವರಾದ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರು.

ಆರೋಪಿಯ ಮನೆಯವರೂ ಇದನ್ನು ಗಮನಿಸಬೇಕು. ನೊಂದವರಿಗೆ ತಿಳಿಸದೆ ಪಡೆದ ಡಿಸ್ಚಾರ್ಜ್ ಆದೇಶ ಮೇಲಿನ ನ್ಯಾಯಾಲಯದಲ್ಲಿ ನಿಲ್ಲುವುದು ಅನುಮಾನ. ನೋಟಿಸು ತಲುಪಿದೆಯೇ ಎಂದು ಅವರ ವಕೀಲರೇ ಖಚಿತಪಡಿಸಿಕೊಂಡರೆ ಮುಂದೆ ಒಂದೆರಡು ವರ್ಷ ಉಳಿದೀತು.

ಆದೇಶ ಬಂದ ಮೇಲೆ ಏನು? ಕೈಬಿಡುವುದಾದರೆ ನ್ಯಾಯಾಧೀಶರು ಕಾರಣಗಳನ್ನು ಬರೆಯಲೇಬೇಕು. ಎಷ್ಟೋ ವೇಳೆ ಪೂರ್ತಿ ಕೈಬಿಡುವುದೂ ಇಲ್ಲ; ದೌರ್ಜನ್ಯದ ಕಲಮುಗಳನ್ನು ಮಾತ್ರ ತೆಗೆದು, ಹೊಡೆತ, ಬೆದರಿಕೆಗಳಂಥ ಉಳಿದ ಆರೋಪಗಳನ್ನು ಮ್ಯಾಜಿಸ್ಟ್ರೇಟರ ನ್ಯಾಯಾಲಯಕ್ಕೆ ಕಳುಹಿಸುವುದುಂಟು. ಅಸಮ್ಮತಿಯಿರುವವರು 14ಎ ಕಲಮಿನಂತೆ 90 ದಿನಗಳೊಳಗೆ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಬಹುದು. ಮಧ್ಯಂತರ ಆದೇಶಗಳಿಗೆ ಈ ಕಲಮಿನಡಿ ಮೇಲ್ಮನವಿಯಿಲ್ಲ; ಆದರೆ ಆರೋಪ ಹೊರಿಸುವ ಆದೇಶವು ಬರಿಯ ಮಧ್ಯಂತರ ಆದೇಶವಲ್ಲವೆಂದು ಸರ್ವೋಚ್ಚ ನ್ಯಾಯಾಲಯ ಹೇಳಿರುವುದರಿಂದ ಅರ್ಜಿ ತಳ್ಳಿಹೋದವರಿಗೂ ಮೇಲಿನ ಬಾಗಿಲು ಮುಚ್ಚಿಲ್ಲ.

ಎರಡೂ ಮನೆಯವರು ನಮ್ಮನ್ನು ಕೇಳಿದ ರಾಜಿಯ ವಿಷಯವನ್ನೂ ಹೇಳಿಬಿಡಬೇಕು. ಈ ಕಾಯಿದೆಯ ಅಪರಾಧಗಳನ್ನು ಇಬ್ಬರೂ ಕೈಕುಲುಕಿ ಮುಗಿಸಿಕೊಳ್ಳುವಂತಿಲ್ಲ. 2021ರಲ್ಲಿ ಮಧ್ಯಪ್ರದೇಶದ ರಾಮಾವತಾರ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಮೂಲತಃ ಖಾಸಗಿ ವ್ಯಾಜ್ಯವಾಗಿದ್ದು ಜಾತಿಯ ಕಾರಣಕ್ಕೆ ನಡೆದುದಲ್ಲವೆಂದು ಕಂಡುಬಂದರೆ, ಒತ್ತಾಯವಿಲ್ಲದ ರಾಜಿಯನ್ನು ಒಪ್ಪಿ ಪ್ರಕರಣ ರದ್ದುಪಡಿಸಬಹುದೆಂದಿತು. ಒತ್ತಾಯವಿತ್ತೇ ಇಲ್ಲವೇ ಎಂಬುದನ್ನು ನ್ಯಾಯಾಲಯ ನೋಡುತ್ತದೆ. ಸಂಘದ ಹಿರಿಯರು ಹೇಳಿದರೆಂದು ಒಪ್ಪಿದ ರಾಜಿ ಅದರಲ್ಲಿ ಎಲ್ಲಿ ನಿಲ್ಲುತ್ತದೋ ನಾವು ಯೋಚಿಸಿರಲಿಲ್ಲ.

ಆ ಹಿರಿಯರ ಪ್ರಶ್ನೆಗೆ ಈಗ ಉತ್ತರವಿದೆ. ಡಿಸ್ಚಾರ್ಜ್ ಎಂದರೆ ನಿರ್ದೋಷಿಯೆಂಬ ತೀರ್ಪಲ್ಲ. ಒಮ್ಮೆ ಖುಲಾಸೆಯಾದವನನ್ನು ಅದೇ ಅಪರಾಧಕ್ಕೆ ಮತ್ತೆ ವಿಚಾರಿಸಬಾರದೆಂಬ ನಿಯಮಕ್ಕೆ ಡಿಸ್ಚಾರ್ಜ್ ಸೇರುವುದಿಲ್ಲವೆಂದು ಹಳೆಯ ಸಂಹಿತೆಯ 300ನೆಯ ಕಲಮಿನ ವಿವರಣೆಯಲ್ಲಿಯೇ ಇದೆ, ಹೊಸದರ 337ರಲ್ಲಿಯೂ ಇದೆ. ಯಾರೂ ಸಾಕ್ಷಿಕಟ್ಟೆ ಏರದಿರುವಾಗ ಹುಡುಗ ಸುಳ್ಳು ಹೇಳಿದನೆಂದು ನ್ಯಾಯಾಲಯ ಹೇಳಿದಂತಾಗುವುದಿಲ್ಲ. ಕಾಗದಗಳು ಸಾಲಲಿಲ್ಲವೆಂದು ಮಾತ್ರ ಅರ್ಥ. ಅರ್ಜಿ ತಳ್ಳಿಹೋದರೆ ಎಪ್ಪತ್ತು ದಾಟಿದ ಆ ಇನ್ನೊಬ್ಬ ಹಿರಿಯರು ತಪ್ಪು ಮಾಡಿದರೆಂದೂ ಅರ್ಥವಲ್ಲ. ಈ ಮಾತನ್ನು ಅವರ ಮಗನಿಗೂ ಹೇಳಿದ್ದೇವೆ.

ಮುಂದಿನ ಭಾನುವಾರ ತಾಂಡಾದ ಹಿರಿಯರಿಗೆ ಇಷ್ಟನ್ನೂ ನಮಗೆ ತಿಳಿದ ಮಟ್ಟಿಗೆ ವಿವರಿಸಿದೆವು. ಅವರು ಪೂರ್ತಿ ಕೇಳಿ, “ಆ ದಿನ ನಾ ಒಳಗ ಕುಂದರಬಹುದೇನ್ರಿ?” ಎಂದರು. ಕಾಯಿದೆಯಲ್ಲಿ ‘ನೊಂದವರು’ ಎಂದರೆ ಅವರ ಸಂಬಂಧಿಕರೂ ಸೇರುತ್ತಾರೆ, ಕುಳಿತುಕೊಳ್ಳುವುದಷ್ಟೇ ಅಲ್ಲ, ವಕೀಲರ ಮೂಲಕ ಮಾತನ್ನೂ ಹೇಳಿಸಬಹುದು ಎಂದೆವು. ವಿಜಯಪುರಕ್ಕೆ ಹೊರಡಬೇಕಿದ್ದ ಬಸ್ಸಿನ ಟಿಕೇಟನ್ನು ಅವರು ರದ್ದುಮಾಡಿಸಿದ್ದಾರೆ. ಮುಂದಿನ ತಾರೀಖಿನಂದು ನಾವೂ ಅರ್ಧ ದಿನದ ರಜೆ ಹಾಕಿ ಅವರೊಡನೆ ಹೋಗುವವರಿದ್ದೇವೆ. ಎದುರು ಬೆಂಚಿನಲ್ಲಿ ಕುಳಿತಿರುವವರೂ ನಮಗೆ ಬೇಕಾದವರೇ ಆದುದರಿಂದ ಯಾವ ಕಡೆ ಕೂಡಬೇಕೆಂಬುದು ಮಾತ್ರ ಇನ್ನೂ ತಿಳಿದಿಲ್ಲ.